ಮಾವನ ಒಳಪಾಲು

ಮೊನ್ನೆ ಕೊಳ್ಳೇಗಾಲದಿಂದ ಹನೂರಿಗೆ ಹೋಗುವ ಬಸ್ಸಿನಲ್ಲಿ ನನ್ನ ಮಾನ ಹೋಯಿತು. ಹದಿನೇಳು ವರ್ಷದಿಂದ ಅದೇ ದಾರಿಯಲ್ಲಿ ಸ್ಕೂಲಿಗೆ ಹೋಗಿ ಬರುತ್ತಿರುವ ಮೇಡಂ ನಾನು. ದಾರಿಯ ಹುಣಸೆಮರಗಳಿಗೂ ನನ್ನ ಗುರುತಿದೆ. ಕಂಡಕ್ಟರ್ ಮಾತ್ರ ಹೊಸಬ. ಕಿಟಕಿಯಾಚೆ ನೋಡುತ್ತ ಏನೋ ಯೋಚನೆಯಲ್ಲಿದ್ದೆ. ಅವನು ಬಂದು "ಎಲ್ಲಿಗ ಮೇಡಂ?" ಅಂದ. ನಾನು ಆಧಾರ್ ಕಾರ್ಡು ತೋರಿಸಿ "ಹನೂರು, ಎರಡು" ಅಂದುಬಿಟ್ಟೆ.

ಅವನು ನನ್ನ ಪಕ್ಕದ ಸೀಟು ನೋಡಿದ. ಅಲ್ಲಿ ನನ್ನ ಬ್ಯಾಗು, ಬುತ್ತಿ, ಕೊಡೆ ಮೂರೂ ಸಂಸಾರಸ್ಥರ ಹಾಗೆ ಕೂತಿದ್ದವು.

"ಇನ್ನೊಬ್ರು ಎಲ್ಲವ್ರೆ ಮೇಡಂ?"

"ಇನ್ನೊಬ್ಬಳು... ಅದು..."

"ಎಂಗಸ್ರಿಗ ಫ್ರೀ ಅಂದ್ಬುಟ್ಟು ಬ್ಯಾಗ್ಗೂ ಒಂದು ಟಿಕೇಟ್ ತಕಂಡ್ರೆ ಎಂಗ? ಆಧಾರ್ ಕಾರ್ಡು ಒಂದು, ಟಿಕೇಟೂ ಒಂದೇ."

ಬಸ್ಸಿಗೆ ಬಸ್ಸೇ ನಕ್ಕಿತು. ಹಿಂದಿನ ಸೀಟಿನಲ್ಲಿ ನನ್ನ ಕ್ಲಾಸಿನ ಹುಡುಗಿಯೊಬ್ಬಳ ತಾಯಿ ಕೂತಿದ್ದಳು. ಅವಳು ಸೆರಗು ಬಾಯಿಗಿಟ್ಟುಕೊಂಡು ನಕ್ಕಳು. ಆ ಎರಡನೆಯವಳು ಯಾರು ಅಂತ ಕಂಡಕ್ಟರಿಗೆ ವಿವರಿಸಲು ಹನೂರು ಸಾಲುತ್ತಿರಲಿಲ್ಲ, ರಾಮಾಪುರದವರೆಗೂ ಹೋಗಬೇಕಾಗುತ್ತಿತ್ತು. ಸುಮ್ಮನೆ ಒಂದೇ ಟಿಕೆಟ್ ತೆಗೆದುಕೊಂಡು ಕೂತೆ. ಅವನಿಗೆ ಹೇಳಲಾಗದ್ದನ್ನು ನಿಮಗೆ ಹೇಳುತ್ತೇನೆ. ನೀವೂ ನಗುತ್ತೀರಿ, ಪರವಾಗಿಲ್ಲ. ನಗುವುದನ್ನು ಒಬ್ಬಳು ನೋಡಿಕೊಳ್ಳುತ್ತಾಳೆ, ಇನ್ನೊಬ್ಬಳಿಗೆ ಅದರ ಸುದ್ದಿಯೇ ತಲುಪುವುದಿಲ್ಲ. ಇದು ನಮ್ಮ ಮಾವ ಕಲಿಸಿದ ವಿದ್ಯೆ.

ಮಾವ ಅಂದರೆ ನನ್ನ ಅವ್ವನ ಅಣ್ಣ, ಗುರುಮಲ್ಲಪ್ಪ. ಯಳಂದೂರಿನ ಪಕ್ಕದ ಹಳ್ಳಿ. ಒಂದಿಷ್ಟು ಗದ್ದೆ, ಒಂದಿಷ್ಟು ತರಕಾರಿ, ಹಣೆತುಂಬ ವಿಭೂತಿ, ಮುಖದಲ್ಲಿ ಅರ್ಧ ಜಾಗ ಹಿಡಿದ ಮೀಸೆ. ಅವನನ್ನು ಏಕವಚನದಲ್ಲಿ ಕರೆಯುತ್ತಿದ್ದೇನೆಂದು ಬೇಸರಪಡಬೇಡಿ. ಒಮ್ಮೆ ಪಿಯುಸಿ ಸೇರಿದ ಹೊಸತರಲ್ಲಿ, ವಿದ್ಯಾವಂತಳಾದೆನೆಂಬ ಗತ್ತಿನಲ್ಲಿ "ಮಾವ, ನೀವು ಊಟ ಮಾಡಿದಿರಾ?" ಅಂದಿದ್ದೆ. ಅವನು ಗಾಬರಿಯಾಗಿ "ಯಾಕ ಮಗಾ, ನಾನೇನ್ ತಪ್ಪು ಮಾಡ್ದೆ?" ಅಂದಿದ್ದ.

ಮಾವನಿಗೆ ಮಕ್ಕಳಿರಲಿಲ್ಲ. ಅತ್ತೆ ಶಿವಮ್ಮ ಕೇಳಿಕೊಂಡಳೆಂದು ನನ್ನನ್ನು ಎರಡು ವರ್ಷ ಪಿಯುಸಿಗೆ ಅವರ ಮನೆಯಲ್ಲಿ ಬಿಟ್ಟಿದ್ದರು. ಹೋದ ಮೊದಲ ದಿನವೇ ಗಮನಿಸಿದೆ: ಮಾವ ತನ್ನ ಬಗ್ಗೆ ಮಾತಾಡುವಾಗ ಇನ್ಯಾರದೋ ಬಗ್ಗೆ ಮಾತಾಡುವ ಹಾಗೆ ಮಾತಾಡುತ್ತಾನೆ. "ದೊಡ್ಡೋನ್ಗ ಇವತ್ತು ಸಿಟ್ಟು ಬಂದದ, ಮಾತಾಡುಸ್ಬೇಡ." "ಚಿಕ್ಕೋನು ಒಪ್ಪವ್ನೆ, ದೊಡ್ಡೋನ ಕೇಳ್ಬೇಕು." ಮನೆಯಲ್ಲಿ ನನಗೆ ಗೊತ್ತಿಲ್ಲದ ಇನ್ನಿಬ್ಬರು ಯಾರೋ ಇದ್ದಾರೇನೋ ಎಂದು ನಾನು ಹಿತ್ತಲಿನವರೆಗೂ ಹುಡುಕಿದೆ. ಅಲ್ಲಿ ಒಂದು ಎಮ್ಮೆ ಮಾತ್ರ ಇತ್ತು.

ಆಮೇಲೆ ಒಂದು ಸಂಜೆ ಜಗಲಿಯ ಮೇಲೆ ಕೂರಿಸಿಕೊಂಡು ಮಾವ ತನ್ನ ಪಂಥದ ಕಥೆ ಹೇಳಿದ. ಹೆಸರು ಒಳಪಾಲು. ಅಣ್ಣತಮ್ಮಂದಿರು ಹೊಲ ಹಂಚಿಕೊಳ್ಳುವುದು ಹೊರಪಾಲು. ಮನುಷ್ಯ ತನ್ನನ್ನೇ ಎರಡಾಗಿ ಹಂಚಿಕೊಳ್ಳುವುದು ಒಳಪಾಲು. ಅದನ್ನು ಶುರುಮಾಡಿದವನು ಪಾಲಯ್ಯ ಅನ್ನುವವನು. ಅವನು ತಂದೆಗೆ ಒಬ್ಬನೇ ಮಗ. ಊರಿನಲ್ಲಿ ಎಲ್ಲರ ಮನೆಯಲ್ಲೂ ಅಣ್ಣತಮ್ಮಂದಿರು ಜಗಳವಾಡುತ್ತಾರೆ, ಹಿರಿಯರು ಬರುತ್ತಾರೆ, ಎಲೆಅಡಿಕೆ ನಡೆಯುತ್ತದೆ, ಒನಕೆಯವರೆಗೂ ಪಾಲಾಗುತ್ತದೆ, ಆಮೇಲೆ ಎಲ್ಲರೂ ನೆಮ್ಮದಿಯಾಗಿರುತ್ತಾರೆ. ಇವನಿಗೆ ಜಗಳಕ್ಕೆ ಜನವಿಲ್ಲ. ಬೇಸತ್ತು ಒಂದು ದಿನ ತಾನೇ ಹಿರಿಯರನ್ನು ಕರೆದು ಎಲೆಅಡಿಕೆ ಕೊಟ್ಟು "ನನಗೂ ಪಾಲು ಮಾಡಿಕೊಡಿ" ಅಂದ. "ಯಾರ ಜೊತೆಗಯ್ಯಾ?" ಅಂದರು. "ನನ್ನ ಜೊತೆಗೇ" ಅಂದ. ಅಷ್ಟರಲ್ಲಿ ಎಲ್ಲರ ಬಾಯಲ್ಲೂ ಅವನ ಎಲೆಅಡಿಕೆ ಇತ್ತು. ಉಗುಳಿ ಎದ್ದುಹೋಗುವುದು ಮರ್ಯಾದೆಯಲ್ಲ. ಸರಿ ಎಂದು ಪಾಲು ಮಾಡಿದರು: ಸಿಟ್ಟು, ನಾಲಗೆ, ಹಟ ದೊಡ್ಡವನಿಗೆ, ನಗು, ಹೊಟ್ಟೆ, ನಿದ್ದೆ ಚಿಕ್ಕವನಿಗೆ. ಅವತ್ತಿನಿಂದ ಪಾಲಯ್ಯನಿಗೆ ಯಾರಾದರೂ ಬೈದರೆ ಅರ್ಧವೇ ತಾಗುತ್ತಿತ್ತಂತೆ.

"ಈಗ ಎಷ್ಟು ಜನ ಅವ್ರೆ ಮಾವ, ಈ ಪಂಥದಲ್ಲಿ?" ಎಂದು ಕೇಳಿದೆ.

"ಅತ್ತು ಜನ" ಅಂದ ಮಾವ. ಬೆರಳು ಮಡಿಚಿ ಎಣಿಸಿ, "ಲೆಕ್ಕಕ್ಕ ಇಪ್ಪತ್ತು."

ಮಾವನಿಗೆ ಇದು ಸಿಕ್ಕಿದ್ದು ಹರೆಯದಲ್ಲಿ. ಎತ್ತು ಕೊಳ್ಳಲೆಂದು ರಾಮಾಪುರದ ಕಡೆ ಹೋದವನು ಮಳೆಗೆ ಸಿಕ್ಕಿ, ಕಾಡಂಚಿನ ಪುಟ್ಟ ಮಠವೊಂದರಲ್ಲಿ ಎರಡು ದಿನ ತಂಗಿದ್ದನಂತೆ. ಅಲ್ಲಿದ್ದ ಮುದಿ ಅಯ್ಯ ಈ ಪಂಥದವನು. ಹಾಗೆ ಎತ್ತು ತರಲು ಹೋದ ಮಾವ, ಎತ್ತಿಲ್ಲದೆ, ತಾನೇ ಜೋಡಿಯಾಗಿ ವಾಪಸ್ಸು ಬಂದ.

ನನಗೂ ಪಾಲು ಬೇಕು ಅಂದೆ. ಹದಿನೇಳರ ವಯಸ್ಸಿನಲ್ಲಿ ಯಾವ ಹುಡುಗಿ ತಾನೆ ತಾನು ಒಬ್ಬಳೇ ಅಂದರೆ ಒಪ್ಪುತ್ತಾಳೆ? ಒಂದು ಭಾನುವಾರ ಹೊಸಿಲ ಬಳಿ ಕೂರಿಸಿ, ಎರಡು ವೀಳ್ಯದೆಲೆ ಮುಂದಿಟ್ಟು, ಮಾವ ನನ್ನನ್ನು ಭಾಗ ಮಾಡಿದ. ಧೈರ್ಯ ದೊಡ್ಡವಳಿಗೆ, ಅಳು ಚಿಕ್ಕವಳಿಗೆ. ಗಣಿತ ದೊಡ್ಡವಳಿಗೆ, ಕನ್ನಡ ಚಿಕ್ಕವಳಿಗೆ. ನನ್ನ ಉದ್ದ ಜಡೆ ಯಾರಿಗೆ ಅನ್ನುವುದು ಮಾತ್ರ ಬಗೆಹರಿಯಲಿಲ್ಲ. ಅತ್ತೆ ಒಳಗಿನಿಂದ "ಇಬ್ರಿಗೂ ಬ್ಯಾಡ ಅಂದ್ರ ಕತ್ರಿ ತತ್ತೀನಿ" ಅಂದದ್ದಕ್ಕೆ ಅದು ಇಬ್ಬರದೂ ಎಂದಾಯಿತು.

ಗಣಿತದ ಪರೀಕ್ಷೆಯ ದಿನ ದೊಡ್ಡವಳು ಬರಲಿಲ್ಲ. ಖಾಲಿ ಹಾಳೆಯ ಮುಂದೆ ಚಿಕ್ಕವಳು ಮೂರು ಗಂಟೆ ಕೂತಿದ್ದು, ಕೊನೆಗೆ ಪ್ರಶ್ನೆಗಳನ್ನೇ ಒಳ್ಳೆಯ ಕನ್ನಡಕ್ಕೆ ತಿದ್ದಿ ಬರೆದು ಬಂದಳು. ನಾನು ಫೇಲಾದೆ. ಮಾವ ಸ್ವಲ್ಪವೂ ಬೇಸರ ಮಾಡಿಕೊಳ್ಳದೆ "ಫೇಲಾದ್ದು ಯಾರು ಅಂತ ಮೊದ್ಲು ತಿಳ್ಕಬೇಕು" ಅಂದ. ಕೊಳ್ಳೇಗಾಲದ ನಮ್ಮ ಮನೆಗೆ ಬಂದಾಗ ಅವ್ವ ಈ ವಾದ ಕೇಳಿ, ಇಬ್ಬರಿಗೂ ಸೇರಿಸಿ ಒಂದೇ ಏಟು ಕೊಟ್ಟಳು. ಮರುಪರೀಕ್ಷೆಗೆ ದೊಡ್ಡವಳು ಹತ್ತು ನಿಮಿಷ ಮುಂಚೆಯೇ ಹೋದಳು.

ಪಂಥಕ್ಕೆ ನಿಯಮಗಳು ಹೆಚ್ಚಿರಲಿಲ್ಲ. ಇಬ್ಬರೂ ಒಂದೇ ಸಲಕ್ಕೆ ಸಿಟ್ಟಾಗಬಾರದು. ಒಬ್ಬನ ಪಾಲಿಗೆ ಬಂದದ್ದನ್ನು ಇನ್ನೊಬ್ಬ ಮುಟ್ಟಬಾರದು. ಇಬ್ಬರೂ ಒಟ್ಟಿಗೆ ಮನೆಬಿಟ್ಟು ಹೋಗಬಾರದು. ಒಬ್ಬ ಗದ್ದೆಗೆ ಹೋದರೆ ಇನ್ನೊಬ್ಬನ ಮನಸ್ಸು ಮನೆಯಲ್ಲಿರಬೇಕು. ಐದು ವರ್ಷದ ಹಿಂದೆ ಮಾವ ತೀರಿಕೊಂಡಾಗ, ಬಂದವರೆಲ್ಲ ಅಳುತ್ತಿರುವಾಗ ಅತ್ತೆ ನನ್ನ ಕೈ ಹಿಡಿದು ಹೇಳಿದ್ದು ಇಷ್ಟೇ: "ನೋಡ್ದಾ ಮಗಾ, ಇಬ್ರೂ ಒಟ್ಗೇ ಓದ್ರು. ಒಬ್ನಾದ್ರೂ ಮನ್ಲಿ ಇರ್ಬೇಕು ಅಂತಿದ್ನಲ್ಲ."

ಅತ್ತೆಯ ವಿಷಯ ಬಂದದ್ದರಿಂದ ಅವಳದೊಂದು ಪ್ರಸಂಗ ಹೇಳದೆ ಮುಂದೆ ಹೋಗಲಾರೆ. ಮಾವ ಊಟಕ್ಕೆ ಕೂತರೆ ಒಂದು ಮುದ್ದೆ ಮುಗಿಸಿ, ಕೈ ತೊಳೆಯದೆ "ಈಗ ಚಿಕ್ಕೋನು ಉಣ್ಬೇಕು" ಎನ್ನುತ್ತಿದ್ದ. ಹೊಟ್ಟೆ ಚಿಕ್ಕವನ ಪಾಲಿಗೆ ಬಂದದ್ದಲ್ಲವೇ, ದೊಡ್ಡವನು ಉಂಡದ್ದು ಅವನ ಲೆಕ್ಕಕ್ಕೆ ಬರುವುದಿಲ್ಲ. ಅತ್ತೆ ಇಪ್ಪತ್ತು ವರ್ಷ ತಾಳಿದಳು. ನಾನಿದ್ದಾಗಲೇ ಒಂದು ಬೆಳಿಗ್ಗೆ ಸ್ನಾನ ಮಾಡಿ, ಒಳ್ಳೆಯ ಸೀರೆ ಉಟ್ಟು, ಜಗಲಿಯ ಮೇಲೆ ಕಾಲು ಚಾಚಿ ಕೂತಳು. ಒಲೆ ತಣ್ಣಗಿತ್ತು.

"ಶಿವಮ್ಮ, ಇಟ್ಟು?" ಅಂದ ಮಾವ.

"ನಾನೂ ಪಾಲಾದೆ" ಅಂದಳು ಅತ್ತೆ. "ಅಟ್ಟಿಕ್ಕೋಳು ತೌರಿಗೋದ್ಲು. ನಾನು ಉಣ್ಣೋಳು."

"ಯಾವಾಗ ಬತ್ತಾಳೆ?"

"ನಂಗೇನ್ ಗೊತ್ತು? ನನ್ನ ಕೇಳ್ಬುಟ್ಟು ಓದ್ಲಾ?"

ಮೂರು ದಿನ ಮಾವನೇ ಮುದ್ದೆ ತೊಳಸಿದ. ಆ ಮುದ್ದೆ ಹೇಗಿತ್ತೆಂದರೆ ಒಳಗೆ ಹಸಿಹಿಟ್ಟು, ಹೊರಗೆ ಕಲ್ಲು. ಅದೂ ಪಂಥಕ್ಕೆ ಸೇರಿದ ಹಾಗೆ ಎರಡಾಗಿತ್ತು. ಅತ್ತೆ ಮಾತ್ರ ಕಣ್ಣುಮುಚ್ಚಿ ನುಂಗಿ "ಪಸಂದಾಗದ" ಎನ್ನುತ್ತಿದ್ದಳು. ನಾಲ್ಕನೆಯ ದಿನ ಮಾವ, ಚಿಕ್ಕವನಿಗೂ ದೊಡ್ಡವನಿಗೂ ಇನ್ನು ಮುಂದೆ ಸೇರಿ ಒಂದೇ ಊಟ ಎಂದು ಒಪ್ಪಿಕೊಂಡ ಮೇಲೆ ಅಟ್ಟಿಕ್ಕುವವಳು ತವರಿನಿಂದ ಬಂದಳು.

ಇಷ್ಟರವರೆಗೆ ನಗುವ ಕಥೆ. ಆದರೆ ಇದೇ ಒಳಪಾಲಿನಿಂದ ಅಣ್ಣತಂಗಿಯ ಮಧ್ಯೆ ನಾಲ್ಕು ವರ್ಷ ಮಾತು ನಿಂತುಹೋಯಿತು.

ನಾನು ಓದು ಮುಗಿಸಿ ಕೊಳ್ಳೇಗಾಲಕ್ಕೆ ಬಂದಿದ್ದ ಕಾಲ. ನಮ್ಮ ಮನೆ ಮಗ್ಗದವರ ಬೀದಿಯಲ್ಲಿತ್ತು. ಅಪ್ಪ ರೇಷ್ಮೆಗೂಡಿನ ವ್ಯಾಪಾರಿ, ಮಾತು ಬಹಳ ಕಡಿಮೆ. ದೀಪಾವಳಿಗೆ ಮಾವ, ಅತ್ತೆ ಬಂದಿದ್ದರು. ಅಕ್ಕಪಕ್ಕದ ನಾಲ್ಕೈದು ಜನವೂ ಕೂತಿದ್ದರು. ಅವ್ವ ಕಜ್ಜಾಯ ಬಡಿಸಿದಳು. ಆ ಸಲ ಪಾಕ ಏರಿತ್ತು. ಮಾವ ಒಂದನ್ನು ಕಚ್ಚಿ, ತೆಗೆದು, ಬೆಳಕಿಗೆ ಹಿಡಿದು ನೋಡಿ, "ಗೌರಿ, ಕುಡ್ಗೋಲು ಮಸೆಯಾಕ ಕಲ್ಲಿಲ್ಲ ಅಂತಿದ್ದೆ, ನಾಕು ಕಟ್ಕೊಡು" ಅಂದ. ಎಲ್ಲರೂ ನಕ್ಕರು. ಅವ್ವ ನಗಲಿಲ್ಲ. ಬೆಳಗಿನ ಜಾವ ನಾಲ್ಕಕ್ಕೆ ಎದ್ದು ಮಾಡಿದ ಕಜ್ಜಾಯ ಅದು.

"ನಿನ್ ಅಲ್ಲು ಸರಿಯಿಲ್ಲ ಅಂದ್ರ ಕಜ್ಜಾಯ ಏನ್ ಮಾಡದು?" ಅಂದಳು. ಅಲ್ಲಿಗೆ ನಿಲ್ಲಿಸಿದ್ದರೆ ಆಗುತ್ತಿತ್ತು. "ಎಲ್ಡು ಪಾಲಾಗಿವ್ನಿ ಅಂತ ಊರ್ ತುಂಬ ಏಳ್ಕಂಡು ತಿರುಗ್ತೀಯಲ್ಲ ಅಣ್ಣ, ಬುದ್ಧಿ ಯಾವ ಪಾಲ್ಗೂ ಬರ್ನಿಲ್ವಾ?"

ಈ ಸಲ ಜನ ಇನ್ನೂ ಜೋರಾಗಿ ನಕ್ಕರು. ಮಾವನ ಮುಖ ಕೆಂಪಾಯಿತು. ಹಲ್ಲಿನ ಮಾತನ್ನು ಸಹಿಸಿಕೊಂಡವನಿಗೆ ಪಂಥದ ಮಾತನ್ನು ಸಹಿಸಲಾಗಲಿಲ್ಲ. ಎಲೆ ಬಿಟ್ಟು ಎದ್ದ. ಹೊಸಿಲು ದಾಟಿ, ಬೀದಿಯಲ್ಲಿ ನಿಂತು, "ಇನ್ನ ನಾನು ಈ ವಸ್ಲು ತುಳುದ್ರ ನನ್ನ ಎಸ್ರು ಗುರುಮಲ್ಲಪ್ಪ ಅಲ್ಲ" ಎಂದು ಆಣೆಯಿಟ್ಟು ಬಸ್ ಸ್ಟ್ಯಾಂಡಿಗೆ ನಡೆದುಬಿಟ್ಟ.

ನಾಲ್ಕು ವರ್ಷ. ಯಳಂದೂರಿಗೂ ಕೊಳ್ಳೇಗಾಲಕ್ಕೂ ಬಸ್ಸಿನಲ್ಲಿ ಅರ್ಧ ಗಂಟೆಯ ದಾರಿ. ಅತ್ತೆ ಬಂದುಹೋಗುತ್ತಿದ್ದಳು. ಅವ್ವ ಅವಳ ಕೈಲಿ ಉಪ್ಪಿನಕಾಯಿ ಕೊಟ್ಟು "ಅವನ್ಗ ಕೊಡ್ಬೇಡ" ಎನ್ನುತ್ತಿದ್ದಳು. ಅತ್ತೆ ಮುಂದಿನ ಸಲ ಬಂದಾಗ "ಅವ್ರು ಮುಟ್ನೇ ಇಲ್ಲ" ಎಂದು ಖಾಲಿ ಭರಣಿ ವಾಪಸ್ಸು ಕೊಡುತ್ತಿದ್ದಳು.

ಆಮೇಲೆ ಅವ್ವ ಬಿದ್ದಳು. ಹಿತ್ತಲ ಒಗೆಯುವ ಕಲ್ಲಿನ ಹತ್ತಿರ ಕಾಲು ಜಾರಿ, ಬಲಗಾಲಿನ ಮೂಳೆ ಮುರಿಯಿತು. ಆಸ್ಪತ್ರೆಯಲ್ಲಿ ತೊಡೆಯವರೆಗೆ ಪ್ಲಾಸ್ಟರ್ ಹಾಕಿ ಕಳಿಸಿದರು. ನಡುಮನೆಯಲ್ಲಿ ಮಂಚ ಹಾಕಿ ಮಲಗಿಸಿದೆವು. ಅಲ್ಲಿಂದ ಬೀದಿಬಾಗಿಲು ನೇರ ಕಾಣುತ್ತದೆ. ಅತ್ತೆ ಅವತ್ತೇ ಓಡಿಬಂದಳು. ಮಾವ ಬರಲಿಲ್ಲ. ಎರಡನೆಯ ದಿನ, ಮೂರನೆಯ ದಿನ, ಯಾರೇ ಬಂದರೂ ಅವ್ವ ತಲೆಯೆತ್ತಿ ಬಾಗಿಲ ಕಡೆ ನೋಡುವುದು, ಮತ್ತೆ ಗೋಡೆಯ ಕಡೆ ತಿರುಗುವುದು. ನೋವಿಗೆ ಮಾತ್ರೆ ಕೊಟ್ಟರೆ "ನೋವಿಲ್ಲ ಕಣ, ಬುಡು" ಎನ್ನುತ್ತಿದ್ದಳು. ಆಗ ನನಗೆ ನಿಜವಾಗಿ ಭಯವಾಯಿತು. ಅವ್ವ ನೋವಿದೆ ಎಂದು ಕೂಗಾಡಿದ್ದರೆ ಭಯವಾಗುತ್ತಿರಲಿಲ್ಲ.

ದಿನಾ ಊರಿಗೆ ಹೋಗಿ ಬರುತ್ತಿದ್ದ ಅತ್ತೆ ಅಡುಗೆಮನೆಯಲ್ಲಿ ನನಗೆ ಪಿಸುಗುಟ್ಟಿದಳು: "ಅವ್ರೂ ಊಟ ಬುಟ್ಟವ್ರೆ. ಬಟ್ಟೆ ಆಕಂಡು ರೆಡಿಯಾಗಿ ಜಗ್ಲಿ ಮೇಲೆ ಕೂತ್ಕತಾರೆ. ಬಸ್ ಬತ್ತದ, ಓಯ್ತದ. ಆಣೆ ಆಣೆ ಅಂತಾರೆ."

ನಾಲ್ಕನೆಯ ದಿನ ಬೆಳಿಗ್ಗೆ ಹತ್ತರ ಹೊತ್ತಿಗೆ ನಮ್ಮ ಬಾಗಿಲ ಮುಂದೆ ಮಾವ ನಿಂತಿದ್ದ. ಹೆಗಲ ಮೇಲೆ ಒಂದು ಚೀಲ ಬದನೆಕಾಯಿ, ಅವನ ಹಿತ್ತಲಿನದೇ. ಮುಖದಲ್ಲಿ ದೊಡ್ಡ ಲೆಕ್ಕವೊಂದನ್ನು ಬಿಡಿಸಿದವನ ಗೆಲುವು. ಹೊಸಿಲಿನಿಂದ ಒಂದು ಮೊಳ ದೂರ ನಿಂತು, ಬದನೆಕಾಯಿಯ ಚೀಲವನ್ನು ಒಳಗೆ ದಾಟಿಸಿ, ನನಗೆ ಹೇಳಿದ:

"ಮಂಗಳಾ, ನಿಮ್ಮವ್ವನ್ಗ ಏಳು. ಆಣೆ ಇಟ್ಟೋನು ದೊಡ್ಡೋನು. ಅವನು ಊರಲ್ಲವ್ನೆ. ಈಗ ಬಂದಿರೋನು ಚಿಕ್ಕೋನು. ಇವನು ಯಾವ ಆಣೆನೂ ಇಟ್ಟಿಲ್ಲ, ಯಾರ್ನೂ ಬೈದಿಲ್ಲ. ಒಳಕ್ಕ ಬರ್ಬೋದಾ ಕೇಳು."

ನನಗೆ ಕುಣಿಯುವಷ್ಟು ಸಂತೋಷವಾಯಿತು. ಎಷ್ಟು ವರ್ಷ ನಗೆಪಾಟಲಾದ ಪಂಥ ಕೊನೆಗೂ ಒಂದು ಕೆಲಸಕ್ಕೆ ಬಂತು! ತಿರುಗಿ ಅವ್ವನನ್ನು ನೋಡಿದೆ. ಅವಳು ಎಲ್ಲವನ್ನೂ ಕೇಳಿಸಿಕೊಂಡಿದ್ದಳು. ಮಂಚದ ಮೇಲೆ ಮೊಣಕೈ ಊರಿ ಅರ್ಧ ಎದ್ದಿದ್ದಳು.

"ಯಾವ ಚಿಕ್ಕೋನು?" ಅಂದಳು. "ನಂಗ ತಮ್ಮ ಇಲ್ಲ. ನಮ್ಮವ್ವನ್ಗ ನಾನೇ ಕೊನೆಯೋಳು. ಇರೋನು ಅಣ್ಣ ಒಬ್ನೇ."

 ಈ ತೊಡಕನ್ನು ಪಾಲಯ್ಯನೂ ಯೋಚಿಸಿರಲಿಲ್ಲವೇನೋ. ಅವನು ಒಬ್ಬನೇ ಮಗ, ಅವನಿಗೆ ತಂಗಿ ಎಲ್ಲಿಂದ ಬರಬೇಕು?

"ಗೌರಿ, ಇವನು ಒಳ್ಳೇನು ಕಣವ್ವ. ಸಿಟ್ಟಿಲ್ಲ, ಏನಿಲ್ಲ."

"ಒಳ್ಳೇನ ಕಟ್ಕಂಡು ನಂಗೇನಾಗ್ಬೇಕು? ನನ್ನ ಬೈದೋನು ಎಲ್ಲವ್ನೆ? ಚಿಕ್ಕೋಳಿದ್ದಾಗ ನನ್ನ ಎಗುಲ್ ಮೇಲೆ ಕೂರುಸ್ಕಂಡು ಗದ್ದೆಗ ಓಯ್ತಿದ್ನಲ್ಲ, ಅವನೂ ಅವನೇ. ಬೈದೋನೂ ಅವನೇ. ಅವನು ಬಂದ್ರ ಬರ್ಲಿ. ಇಲ್ದಿದ್ರ ಈವಪ್ಪನ್ಗ ನೀರ್ ಕೊಟ್ಟು ಕಳ್ಸು ಮಂಗಳಾ, ಯಾರೋ ಬಿಸ್ಲಲ್ಲಿ ಬಂದವ್ರೆ."

ನಾನು ನೀರು ತಂದೆ. ಮಾವ ಕುಡಿಯಲಿಲ್ಲ. ಹೋಗಲೂ ಇಲ್ಲ. ಜಗಲಿಯ ಮೇಲೆ ಬಾಗಿಲಿಗೆ ಬೆನ್ನು ಹಾಕಿ ಕೂತ. ಬೀದಿಯಲ್ಲಿ ಮಗ್ಗದ ಸದ್ದು ಒಂದೊಂದೇ ನಿಲ್ಲತೊಡಗಿತು. ಕಿಟಕಿಗಳಲ್ಲಿ ತಲೆಗಳು ಕಂಡವು. ಹನ್ನೊಂದಾಯಿತು, ಹನ್ನೆರಡಾಯಿತು. ಒಳಗೆ ಅವ್ವ ಊಟ ಬೇಡ ಅಂದಳು, ಹೊರಗೆ ಮಾವ ಊಟ ಬೇಡ ಅಂದ. ಮಧ್ಯೆ ಹೊಸಿಲಿನ ಮೇಲೆ ತಟ್ಟೆ ಹಿಡಿದುಕೊಂಡು ನಾನು. ಅಪ್ಪ ಎರಡೂ ಕಡೆ ನೋಡಿ, ತನ್ನ ಪದ್ಧತಿಯಂತೆ ಗೂಡಿನ ಮಾರ್ಕೆಟ್ಟಿಗೆ ಹೋಗಿಬಿಟ್ಟ.

ಒಂದು ಗಂಟೆಯ ಹೊತ್ತಿಗೆ ಅವ್ವ ನನ್ನನ್ನು ಕರೆದಳು. ಕಣ್ಣಿನಲ್ಲಿ ನಾಲ್ಕು ದಿನದಿಂದ ಕಾಣದ ಒಂದು ಹೊಳಪು.

"ಆ ಬದ್ನೆಕಾಯಿ ಇತ್ತಗ ತಾ" ಅಂದಳು. ಕೊಟ್ಟೆ. ಒಂದನ್ನು ಕೈಯಲ್ಲಿ ತಿರುಗಿಸಿ ತಿರುಗಿಸಿ ನೋಡಿ, ಬೀದಿಯ ಕೊನೆಗೂ ಕೇಳಿಸುವ ಹಾಗೆ ಕೂಗಿದಳು: "ಅಯ್ಯೋ, ಉಳ ಬಿದ್ದದ ಕಣ ಮಂಗಳಾ ಇದು! ಎಲ್ಲ ಉಳುಕೇ! ಎಮ್ಮೆಗೂ ಆಕ್ಬೇಡ. ವಾಪಸ್ಸು ಕೊಟ್ಕಳ್ಸು!"

ಜಗಲಿಯ ಮೇಲೆ ಮೀಸೆ ಅದುರಿದ್ದು ಹಿಂದಿನಿಂದಲೇ ಕಂಡಿತು.

"ಯಾರಲೇ ಅದು ಉಳ ಅಂದದ್ದು?"

"ನಾನೇ ಕಣ ಅಂದದ್ದು! ಬದ್ನೆಕಾಯಿ ಬೆಳೆಯಾಕ ಬರ್ದೋನು ಬೆಳೆದ್ರ ಇಂಗೇಯ!"

"ನಾನು ಬೆಳ್ದದ್ದ ಉಳ ಅಂತೀಯಾ? ಯಳಂದೂರು ಸಂತೆನೇ ನನ್ ಬದ್ನೆಕಾಯ್ಗ ಕಾಯ್ಕಂಡು ಕೂತಿರ್ತದ, ಉಳ ಅಂತಾಳೆ ಉಳ!" ಎಂದು ಗುಡುಗುತ್ತ ಮಾವ ಎದ್ದ. ಹೊಸಿಲನ್ನು ದಾಟಿದ್ದಲ್ಲ, ಹಾರಿದ. ನೇರ ಮಂಚಕ್ಕೆ ಬಂದು, ಚೀಲದಿಂದ ಒಂದು ಬದನೆಕಾಯಿ ತೆಗೆದು, ಎರಡು ಕೈಯಲ್ಲಿ ಹಿಡಿದು ಲಟ್ಟನೆ ಮುರಿದು ಅವ್ವನ ಮೂಗಿನ ಹತ್ತಿರ ಹಿಡಿದ. "ಎಲ್ಲದ ಉಳ? ತೋರ್ಸು!" ಇನ್ನೊಂದು ಮುರಿದ. "ಇದ್ರಲ್ಲಿ ತೋರ್ಸು!" ಮೂರನೆಯದು ಮುರಿದ. ನಾಲ್ಕನೆಯದನ್ನು ಮುರಿದು ಹಿಡಿದಾಗ ಅದರೊಳಗಿಂದ ಒಂದು ದಪ್ಪ ಹುಳ ನಿಧಾನವಾಗಿ ತಲೆಯೆತ್ತಿ ನಮ್ಮೆಲ್ಲರನ್ನೂ ನೋಡಿತು.

 ಮಾವ ಹುಳವನ್ನು ನೋಡಿದ. ಆಮೇಲೆ ಅವ್ವನ ಬಿಳಿ ಪ್ಲಾಸ್ಟರಿನ ಕಾಲನ್ನು ನೋಡಿದ. ತಾನು ನಿಂತ ಜಾಗ ನೋಡಿದ. ತಿರುಗಿ ದೂರದಲ್ಲಿದ್ದ ಹೊಸಿಲನ್ನು ನೋಡಿದ. ಅವನ ಸಿಟ್ಟೆಲ್ಲ ಎಲ್ಲಿಗೋ ಇಳಿದುಹೋಯಿತು. ಬದನೆಕಾಯಿಯ ಹೋಳುಗಳನ್ನು ಹಿಡಿದುಕೊಂಡೇ ಮಂಚದ ಅಂಚಿನಲ್ಲಿ ಕುಸಿದ.

ಅವ್ವ ನಗುತ್ತಿದ್ದಳು. ಮಂಚ ಅಲುಗಾಡುವಷ್ಟು ನಗುತ್ತ, "ಅಯ್ಯೋ ಕಾಲು, ಅಯ್ಯೋ ಕಾಲು" ಎನ್ನುತ್ತ, ಕಣ್ಣಲ್ಲಿ ನೀರು ಸುರಿಸುತ್ತ ಹೇಳಿದಳು: "ಈಗ ಬಂದ ನೋಡು ನನ್ನಣ್ಣ."

"ಬೋ ನೋವಾ ಗೌರಿ?" ಅಂದ ಮಾವ. ದನಿ ಎಷ್ಟು ಸಣ್ಣಗಿತ್ತೆಂದರೆ ನನಗೆ ಅರ್ಧ ಮಾತ್ರ ಕೇಳಿಸಿತು.

"ಊ ಕಣಣ್ಣ. ಬೋ ನೋವು" ಅಂದಳು ಅವ್ವ. ನಾಲ್ಕು ದಿನದಲ್ಲಿ ಮೊದಲ ಸಲ ಹಾಗಂದಳು. ಅಂದವಳೇ ಮಗುವಿನ ಹಾಗೆ ಅತ್ತಳು. ನಾನು ಮಾತ್ರೆ ತಂದುಕೊಟ್ಟೆ; ಮಾವನ ಕೈಯಿಂದಲೇ ನುಂಗಿದಳು.

ಆಣೆಯ ಗತಿ ಏನಾಯಿತೆಂದು ನೀವು ಕೇಳಬಹುದು. ನಾನೂ ಕೇಳಿದೆ. ಹೊಸಿಲು ತುಳಿದರೆ ತನ್ನ ಹೆಸರು ಗುರುಮಲ್ಲಪ್ಪ ಅಲ್ಲ ಅಂದಿದ್ದನಲ್ಲ? ಮಾವ ಮೀಸೆ ತಿರುವಿ, "ನಾನ್ ತುಳೀನಿಲ್ಲ ಮಗಾ, ಆರ್ದೆ" ಅಂದ. ಅತ್ತೆ ಮಾತ್ರ ಅದನ್ನು ಒಪ್ಪದೆ ಒಂದು ವಾರ ಪೂರ್ತಿ ಅವನನ್ನು "ಎಸ್ರಿಲ್ದೋರೇ, ಊಟಕ್ಕ ಬನ್ನಿ" ಎಂದೇ ಕರೆದಳು.

ಮಾವ ನಮ್ಮಲ್ಲಿ ಆರು ವಾರ ಇದ್ದ. ಅಷ್ಟು ದಿನ ಬೀದಿಯವರಿಗೆ ಮಗ್ಗದ ಸದ್ದು ಕೇಳಿಸಲಿಲ್ಲ. ಅಣ್ಣತಂಗಿ ಬೆಳಗಿನಿಂದ ಸಂಜೆಯವರೆಗೆ ಜಗಳವಾಡಿದರು: ಕಾಫಿಗೆ ಸಕ್ಕರೆ ಹೆಚ್ಚಾಯಿತೆಂದು, ದಿಂಬು ಎತ್ತರವಾಯಿತೆಂದು, ಸತ್ತುಹೋದ ಅಜ್ಜಿಗೆ ಯಾರ ಮೇಲೆ ಹೆಚ್ಚು ಪ್ರೀತಿಯಿತ್ತೆಂದು. ಆ ಆರು ವಾರ ಮಾವನ ಬಾಯಲ್ಲಿ ದೊಡ್ಡವನ ಮಾತೂ ಬರಲಿಲ್ಲ, ಚಿಕ್ಕವನ ಮಾತೂ ಬರಲಿಲ್ಲ. ಊರಿಗೆ ಹೋದ ಮೇಲೆ ಮತ್ತೆ ಶುರುವಾಯಿತೆಂದು ಅತ್ತೆ ಹೇಳಿದಳು. ಇರಲಿ, ನನಗೂ ಬಿಟ್ಟಿಲ್ಲವಲ್ಲ.

ಪ್ಲಾಸ್ಟರ್ ಬಿಚ್ಚಿಸಿ ಕರೆತಂದ ಮರುದಿನ ಅವ್ವ ಮೊದಲ ಬಾರಿಗೆ ಎದ್ದು ನಿಂತಳು. ಕಾಲು ಬಿಳಿಚಿ ಕಡ್ಡಿಯಾಗಿತ್ತು. ಮಾವ ಅವಳ ರಟ್ಟೆ ಹಿಡಿದುಕೊಂಡ. ಮಂಚದಿಂದ ಅಡುಗೆಮನೆಯ ಬಾಗಿಲವರೆಗೆ ಇಬ್ಬರೂ ಹೊರಟರು.

"ಬಿರ್ನೆ ಇಡಬ್ಯಾಡ ಎಜ್ಜೆಯ. ಕತ್ತೆಯಂಗ ಬೀಳ್ತೀಯ."

"ನೀನ್ ಇಡ್ಕಂಡಿರದ್ಕೇ ಬೀಳ್ತಾ ಇರದು. ಬುಡು ಕೈಯ."

"ಬುಡಕಿಲ್ಲ ಓಗು."

"ಬುಡು ಅಂದ್ನಲ್ಲ ಅಣ್ಣ, ನಾನೊಬ್ಳೇ ನಡೀತೀನಿ."

"ಬಾಯಿ ಮುಚ್ಕಂಡು ನಡಿಯೇ."

ಅವ್ವ ಬಾಯಿ ಮುಚ್ಚಲಿಲ್ಲ, ಮಾವ ಕೈ ಬಿಡಲಿಲ್ಲ. ಹತ್ತು ಹೆಜ್ಜೆಯ ನಡುಮನೆಯನ್ನು ದಾಟಲು ಅವರಿಗೆ ಅರ್ಧ ಗಂಟೆ ಹಿಡಿಯಿತು.